ಜಾನ್ ಗ್ರಿಯರ್ಸನ್

ಸ್ಕಾಟ್ಲೆಂಡಿನ ಡೀನ್‌ಸ್ಟನ್ ಗ್ರಾಮದಲ್ಲಿ 1898ರಲ್ಲಿ ಜಾನ್ ಗ್ರಿಯರ್ಸನ್ ಜನಿಸಿದನು. ತಂದೆ ಶಾಲೆಯ ಮುಖ್ಯೋಪಾಧ್ಯಾಯ. ತಾಯಿ ಸ್ತ್ರೀಯರ ಮತದಾನದ ಹಕ್ಕಿಗಾಗಿಯೂ ಕಾರ್ಮಿಕರ ಹಿತಕ್ಕಾಗಿಯೂ ಶ್ರಮಿಸಿದವಳು. ಮೊದಲನೆಯ ಮಹಾಯುದ್ಧದಲ್ಲಿ ನೌಕಾದಳದಲ್ಲಿ ಸೇವೆ ಸಲ್ಲಿಸಿದ ಗ್ರಿಯರ್ಸನ್, ಅನಂತರ ಗ್ಲಾಸ್ಗೋ ವಿಶ್ವವಿದ್ಯಾನಿಲಯದಲ್ಲಿ ವ್ಯಾಸಂಗ ಮಾಡಿ, 1924ರಲ್ಲಿ ಅಮೆರಿಕಕ್ಕೆ ತೆರಳಿದನು. ಪತ್ರಿಕೆಗಳೂ ಚಲನಚಿತ್ರಗಳೂ ಜನಾಭಿಪ್ರಾಯವನ್ನು ಹೇಗೆ ರೂಪಿಸುತ್ತವೆ ಎಂಬುದೇ ಅಲ್ಲಿ ಅವನ ಅಧ್ಯಯನದ ವಿಷಯವಾಗಿತ್ತು.

ಆ ಕಾಲದ ಬ್ರಿಟಿಷ್ ಚಿತ್ರಗಳಲ್ಲಿ ಶ್ರಮಜೀವಿಗಳು ಕಾಣಿಸಿಕೊಳ್ಳುತ್ತಿದ್ದುದು ಹೆಚ್ಚಾಗಿ ನಗೆಪಾತ್ರಗಳಾಗಿ. ಇದನ್ನು ಬದಲಿಸಬೇಕೆಂದು ಗ್ರಿಯರ್ಸನ್ ಸಂಕಲ್ಪಿಸಿದನು. ಆದರೆ ಹಣ ಸರ್ಕಾರದಿಂದ ಬರಬೇಕಾಗಿತ್ತು. ಖಜಾನೆಯ ಹೊಣೆ ಹೊತ್ತಿದ್ದ ಮಂತ್ರಿಗಳಲ್ಲೊಬ್ಬನು ಹೆರಿಂಗ್ ಮೀನನ್ನು ಕುರಿತು ಗ್ರಂಥವನ್ನೇ ಬರೆದಿದ್ದನು. ಮೀನುಗಾರಿಕೆಯನ್ನು ಚಿತ್ರದ ವಸ್ತುವಾಗಿ ಆರಿಸಿದ್ದು ಜಾಣತನವೇ ಸರಿ. 1929ರಲ್ಲಿ ತೆರೆಕಂಡ 'ಡ್ರಿಫ್ಟರ್ಸ್' ಚಿತ್ರದಲ್ಲಿ, ಉತ್ತರ ಸಮುದ್ರದ ಅಲೆಗಳ ನಡುವೆ ಬಲೆ ಸೆಳೆಯುವ ಮೀನುಗಾರರೇ ನಾಯಕರಾದರು.

ಬಳಿಕ ಅವನು ತಾನು ನಿರ್ದೇಶಿಸುವುದನ್ನು ಬಹುಮಟ್ಟಿಗೆ ಬಿಟ್ಟು, ತರುಣರನ್ನು ತರಬೇತುಗೊಳಿಸತೊಡಗಿದನು. ಅವನ ಬಳಗದ ಎಲ್ಟನ್ ಮತ್ತು ಆನ್‌ಸ್ಟಿ ಎಂಬ ಇಬ್ಬರು 1935ರಲ್ಲಿ ಲಂಡನ್ನಿನ ಕೊಳೆಗೇರಿಗಳನ್ನು ಚಿತ್ರಿಸಿದರು. ಗ್ರಿಯರ್ಸನ್ನನ ತಂಗಿ ರೂಬಿ ಅಲ್ಲಿಯ ನಿವಾಸಿಗಳ ವಿಶ್ವಾಸವನ್ನು ಗಳಿಸಿ, ಅವರು ಕ್ಯಾಮರಾದ ಮುಂದೆ ಅಳುಕಿಲ್ಲದೆ ಮಾತನಾಡುವಂತೆ ಮಾಡಿದಳು. ಕುಸಿಯುತ್ತಿದ್ದ ಗೋಡೆಗಳು, ತಿಗಣೆಗಳ ಕಾಟ, ಮನೆಯೊಳಗೆ ನುಗ್ಗಿದ ಇಲಿ, ಇವೆಲ್ಲವನ್ನೂ ಅವರು ತಮ್ಮ ಬಾಯಿಂದಲೇ ಬಣ್ಣಿಸಿದರು. ಬಡವರ ಪರವಾಗಿ ಬೇರೊಬ್ಬರು ಮಾತನಾಡುವುದು ಅಲ್ಲಿ ಬೇಕಾಗಲಿಲ್ಲ. ಈ ಚಿತ್ರಕ್ಕೆ ಹಣ ಕೊಟ್ಟದ್ದು ಅನಿಲೋದ್ಯಮದವರು. ಹೊಸ ಮನೆಗಳಾದರೆ ಅನಿಲದ ಒಲೆಗಳಿಗೆ ಗಿರಾಕಿ ಹೆಚ್ಚುವುದೆಂಬ ಲೆಕ್ಕ ಅವರಿಗಿತ್ತು!

1939ರಲ್ಲಿ ಕೆನಡಾ ದೇಶವು ಗ್ರಿಯರ್ಸನ್ನನ ಸಲಹೆಯಂತೆ ರಾಷ್ಟ್ರೀಯ ಚಲನಚಿತ್ರ ಮಂಡಳಿಯನ್ನು ಸ್ಥಾಪಿಸಿ, ಅವನನ್ನೇ ಅದರ ಮೊದಲ ಮುಖ್ಯಸ್ಥನನ್ನಾಗಿ ನೇಮಿಸಿತು. ಮರುವರ್ಷ ರೂಬಿಯು, ಯುದ್ಧಭೀತಿಯಿಂದ ಕೆನಡಾಕ್ಕೆ ಸಾಗಿಸಲಾಗುತ್ತಿದ್ದ ಮಕ್ಕಳನ್ನು ಚಿತ್ರಿಸುವುದಕ್ಕಾಗಿ 'ಸಿಟಿ ಆಫ್ ಬನಾರಸ್' ಹಡಗನ್ನು ಏರಿದಳು. ಜರ್ಮನ್ ಜಲಾಂತರ್ಗಾಮಿಯ ದಾಳಿಗೆ ತುತ್ತಾಗಿ ಹಡಗು ಮುಳುಗಿತು. ಹೀಗೆ ಸಾಗಿಸಲಾಗುತ್ತಿದ್ದ 90 ಮಕ್ಕಳಲ್ಲಿ 77 ಮಂದಿ ಮಡಿದರು, ರೂಬಿಯೂ ಉಳಿಯಲಿಲ್ಲ.

1945ರಲ್ಲಿ ಗ್ರಿಯರ್ಸನ್ ಮಂಡಳಿಯನ್ನು ತೊರೆದನು. ಅದೇ ವರ್ಷ ಕೆನಡಾದಲ್ಲಿ ಬಯಲಾದ ಸೋವಿಯತ್ ಗೂಢಚರ್ಯೆಯ ಪ್ರಕರಣದಲ್ಲಿ ಅವನ ಮೇಲೂ ಸಂಶಯದ ನೆರಳು ಬಿದ್ದಿತು. ಅಪರಾಧವಾವುದೂ ರುಜುವಾತಾಗಲಿಲ್ಲ, ಆದರೂ ಅಮೆರಿಕದ ಬಾಗಿಲು ಅವನಿಗೆ ಮುಚ್ಚಿತು.

ಅವನು ಕಟ್ಟಿದ ಮಂಡಳಿ ಮಾತ್ರ ಬೆಳೆಯಿತು. 1967ರಲ್ಲಿ ಅದರ ಚಿತ್ರಕಾರರು ನ್ಯೂಫೌಂಡ್‌ಲೆಂಡಿನ ಫೋಗೊ ದ್ವೀಪಕ್ಕೆ ಹೋದರು. ಸರ್ಕಾರವು ಅಲ್ಲಿಯ ಮೀನುಗಾರರನ್ನು ಬೇರೆಡೆಗೆ ಸಾಗಿಸುವ ಯೋಚನೆಯಲ್ಲಿತ್ತು. ತಮ್ಮ ಮಾತುಗಳನ್ನೇ ತೆರೆಯ ಮೇಲೆ ಕಂಡು ಕೇಳಿದ ದ್ವೀಪವಾಸಿಗಳು ಒಗ್ಗೂಡಿ ಸಹಕಾರ ಸಂಘವನ್ನು ಕಟ್ಟಿಕೊಂಡು ಅಲ್ಲಿಯೇ ನೆಲೆನಿಂತರು. ಗ್ರಿಯರ್ಸನ್ 1972ರಲ್ಲಿ ಇಂಗ್ಲೆಂಡಿನ ಬಾತ್ ನಗರದಲ್ಲಿ ನಿಧನನಾದನು.