ಫ್ರೆಡ್ ಕೀನರ್: ಇಂಗ್ಲೆಂಡಿನ ಟ್ರೋಫಿಯನ್ನು ಗಡಿ ದಾಟಿಸಿದ ನಾಯಕ

ಇಂಗ್ಲೆಂಡಿನ ಎಫ್‌.ಎ. ಕಪ್ ಫುಟ್‌ಬಾಲ್ ಪಂದ್ಯಾವಳಿಯ ಮೊದಲ ಫೈನಲ್ ನಡೆದದ್ದು 1872ರಲ್ಲಿ. ಅಂದಿನಿಂದ ಇಂದಿನವರೆಗೆ ಆ ಟ್ರೋಫಿ ಇಂಗ್ಲೆಂಡಿನ ಗಡಿಯಾಚೆಯ ತಂಡವೊಂದರ ಪಾಲಾದದ್ದು ಒಂದೇ ಒಂದು ಸಲ. ಅದು 1927ನೆಯ ಇಸವಿ. ತಂಡ ವೇಲ್ಸಿನ ಕಾರ್ಡಿಫ್ ಸಿಟಿ. ನಾಯಕ ಫ್ರೆಡ್ ಕೀನರ್.

ವೇಲ್ಸ್ ಇಂಗ್ಲೆಂಡಿನ ಪಶ್ಚಿಮಕ್ಕಿರುವ ಪುಟ್ಟ ನಾಡು. ಅದಕ್ಕೆ ತನ್ನದೇ ಭಾಷೆಯಿದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿನ ಕೆಲವು ಶಾಲೆಗಳಲ್ಲಿ ಮನೆಮಾತನ್ನಾಡಿದ ಮಗುವಿನ ಕೊರಳಿಗೆ ಮರದ ತುಂಡೊಂದನ್ನು ತೂಗುಹಾಕಿ ಅವಮಾನಿಸುವ ಪದ್ಧತಿಯಿತ್ತು. ಗಡಿನಾಡಿನಲ್ಲಿ ಮಕ್ಕಳನ್ನು ಮಾತೃಭಾಷೆಯ ಶಾಲೆಗೆ ಕಳುಹಿಸುತ್ತಿರುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಫುಟ್‌ಬಾಲಿನಲ್ಲಿ ವೇಲ್ಸಿಗೆ ಪ್ರತ್ಯೇಕ ರಾಷ್ಟ್ರೀಯ ತಂಡವಿದ್ದರೂ, ಕಾರ್ಡಿಫಿನಂತಹ ದೊಡ್ಡ ಕ್ಲಬ್ಬುಗಳು ನೆರೆಯ ಇಂಗ್ಲೆಂಡಿನ ಲೀಗಿನಲ್ಲಿಯೇ ಆಡಬೇಕಾಗಿತ್ತು.

ಕೀನರ್ ಹುಟ್ಟಿದ್ದು 1894ರ ಜುಲೈ 31ರಂದು, ಕಾರ್ಡಿಫಿನ ದುಡಿಯುವ ಕುಟುಂಬವೊಂದರಲ್ಲಿ. ಕಲ್ಲಿದ್ದಲಿನ ಹಡಗುಗಳಿಂದ ಬೆಳೆದ ಬಂದರು ಅದು. ಶಾಲಾ ಬಾಲಕನಾಗಿದ್ದಾಗಲೇ ವೇಲ್ಸ್ ಬಾಲಕರ ತಂಡದಲ್ಲಿ ಸ್ಥಾನ ಪಡೆದ ಆತ 1912ರಲ್ಲಿ ಕಾರ್ಡಿಫ್ ಸಿಟಿಯನ್ನು ಸೇರಿದನು. ಎರಡು ವರ್ಷ ಕಳೆಯುವಷ್ಟರಲ್ಲಿ ಮಹಾಯುದ್ಧ ಬಂದಿತು. ಫುಟ್‌ಬಾಲ್ ಆಟಗಾರರನ್ನೇ ಸೇರಿಸಿಕೊಂಡು ಕಟ್ಟಿದ್ದ ಮಿಡ್ಲ್‌ಸೆಕ್ಸ್ ರೆಜಿಮೆಂಟಿನ 17ನೆಯ ಬೆಟಾಲಿಯನ್ನಿಗೆ ಆತನೂ ಸೇರಿದನು. 1916ರ ಸೋಮ್ ಕದನದಲ್ಲಿ ಸಿಡಿಗುಂಡಿನ ಚೂರು ಕಾಲನ್ನು ಸೀಳಿತು. ಆತನ ಆಟ ಅಲ್ಲಿಗೆ ಮುಗಿಯಿತೆಂದೇ ಎಲ್ಲರೂ ಭಾವಿಸಿದರು. ತಿಂಗಳುಗಟ್ಟಲೆ ಚಿಕಿತ್ಸೆ ಪಡೆದು, ಅದೇ ಕಾಲಿನಿಂದ ಕೀನರ್ ಮತ್ತೆ ಚೆಂಡನ್ನು ಒದ್ದನು.

ಯುದ್ಧಾನಂತರ ಕಾರ್ಡಿಫಿನ ಏಳಿಗೆ ಬೆರಗು ಹುಟ್ಟಿಸುವಂಥದು. 1920ರಲ್ಲಿ ಎರಡನೆಯ ಡಿವಿಷನ್ನಿಗೆ ಪ್ರವೇಶ, ಮರುವರ್ಷವೇ ಮೊದಲ ಡಿವಿಷನ್. 1924ರಲ್ಲಿ ಲೀಗ್ ಪ್ರಶಸ್ತಿಯೇ ಕೈಗೆ ಬರುವಂತಿತ್ತು. ಕೊನೆಯ ಪಂದ್ಯದಲ್ಲಿ ಬರ್ಮಿಂಗ್‌ಹ್ಯಾಮ್ ವಿರುದ್ಧ ದೊರೆತ ಪೆನಾಲ್ಟಿ ವ್ಯರ್ಥವಾಗಿ ಪಂದ್ಯ ಗೋಲಿಲ್ಲದೆ ಸಮವಾಯಿತು. ಕಾರ್ಡಿಫಿಗೂ ಹಡರ್ಸ್‌ಫೀಲ್ಡ್ ಟೌನಿಗೂ ತಲಾ 57 ಅಂಕಗಳು. ಹೊಡೆದ ಗೋಲುಗಳನ್ನು ಬಿಟ್ಟುಕೊಟ್ಟ ಗೋಲುಗಳಿಂದ ಭಾಗಿಸುವುದು ಆ ಕಾಲದ ನಿಯಮ. ಹಡರ್ಸ್‌ಫೀಲ್ಡಿನದು 60ನ್ನು 33ರಿಂದ, ಕಾರ್ಡಿಫಿನದು 61ನ್ನು 34ರಿಂದ. ಮಕ್ಕಳು ಪಾಟಿಯ ಮೇಲೆ ಭಾಗಿಸಿ ನೋಡಲಿ. ಕಾರ್ಡಿಫ್ ಸೋತ ಅಂತರ ಸುಮಾರು 0.024. ಇಂದಿನಂತೆ ಕಳೆದು ನೋಡಿದರೆ ಎರಡಕ್ಕೂ 27 ಬರುತ್ತದೆ. ಆಗ ಹೆಚ್ಚು ಗೋಲು ಹೊಡೆದ ಕಾರ್ಡಿಫೇ ಚಾಂಪಿಯನ್ ಆಗುತ್ತಿತ್ತು!

ಮರುವರ್ಷ, 1925ರಲ್ಲಿ, ಕೀನರನ ತಂಡ ವೆಂಬ್ಲಿಯಲ್ಲಿ ಎಫ್‌.ಎ. ಕಪ್ ಫೈನಲ್ ತಲುಪಿ ಶೆಫೀಲ್ಡ್ ಯುನೈಟೆಡ್ಡಿಗೆ 1-0ರಿಂದ ಸೋತಿತು. ಹ್ಯಾರಿ ವೇಕ್ ಎಂಬ ಆಟಗಾರನ ಕಾಲಿನಿಂದ ಎದುರಾಳಿ ಚೆಂಡನ್ನು ಕಸಿದು ಗೋಲು ಹೊಡೆದಿದ್ದನು.

1927ರ ಹೊತ್ತಿಗೆ ದಕ್ಷಿಣ ವೇಲ್ಸ್ ಬಳಲಿತ್ತು. ಹಿಂದಿನ ವರ್ಷ ಕಲ್ಲಿದ್ದಲು ಗಣಿಗಳ ಕಾರ್ಮಿಕರು ತಿಂಗಳುಗಟ್ಟಲೆ ಕೆಲಸವಿಲ್ಲದೆ ಹಸಿದು, ಕೊನೆಗೆ ಸೋತು ಗಣಿಗೆ ಮರಳಿದ್ದರು. ಅಂತಹ ನಾಡಿನಿಂದ ಸಾವಿರಾರು ಜನ ಏಪ್ರಿಲ್ 23ರಂದು ಲಂಡನ್ನಿಗೆ ಹೊರಟರು. ಇಂಗ್ಲೆಂಡಿನ ಪಾಲಕ ಸಂತ ಜಾರ್ಜ್ ಅವರ ಹಬ್ಬದ ದಿನವೂ ಅದೇ ಆಗಿದ್ದುದು ವಿಧಿಯ ವಿನೋದ. ಎದುರಾಳಿ ಲಂಡನ್ನಿನದೇ ಆರ್ಸೆನಲ್. ಅದರ ವ್ಯವಸ್ಥಾಪಕ, 1924ರಲ್ಲಿ ಹಡರ್ಸ್‌ಫೀಲ್ಡನ್ನು ಗೆಲ್ಲಿಸಿದ್ದ ಅದೇ ಹರ್ಬರ್ಟ್ ಚಾಪ್ಮನ್. ಮೈದಾನದಲ್ಲಿ ತೊಂಬತ್ತೊಂದು ಸಾವಿರಕ್ಕೂ ಹೆಚ್ಚು ಪ್ರೇಕ್ಷಕರಿದ್ದರು. ಎಫ್‌.ಎ. ಕಪ್ ಫೈನಲ್ಲಿನ ವೀಕ್ಷಕ ವಿವರಣೆ ರೇಡಿಯೊದಲ್ಲಿ ಬಿತ್ತರವಾದದ್ದು ಅದೇ ಮೊದಲು. ಹೋಗಲಾರದವರೂ ಕಿವಿಯಿಂದ ಆಟವನ್ನು ಕಂಡರು.

ಕೀನರ್ ಮುನ್ನಡೆಸಿದ ಹನ್ನೊಂದು ಜನರಲ್ಲಿ ವೇಲ್ಸಿನವರು ಮೂವರೇ. ನಾಲ್ವರು ಐರ್ಲೆಂಡಿನವರು, ಮೂವರು ಸ್ಕಾಟ್ಲೆಂಡಿನವರು, ಒಬ್ಬ ಇಂಗ್ಲೆಂಡಿನವನು. ಆದರೂ ಇಡೀ ವೇಲ್ಸ್ ಆ ಹನ್ನೊಂದನ್ನೂ ತನ್ನದೆಂದುಕೊಂಡಿತು. ಹ್ಯಾರಿ ವೇಕನಿಗೆ ಮಾತ್ರ ಹಳೆಯ ಲೆಕ್ಕ ತೀರಿಸುವ ಯೋಗವಿರಲಿಲ್ಲ. ಫೈನಲ್ಲಿಗೆ ಸ್ವಲ್ಪ ಮೊದಲು ಗಾಯಗೊಂಡ ಆತನ ಜಾಗದಲ್ಲಿ ಹತ್ತೊಂಬತ್ತರ ತರುಣ ಅರ್ನಿ ಕರ್ಟಿಸ್ ಆಡಿದನು.

ಆಟ ಬಹಳ ಸೊಗಸಾಗಿತ್ತೆಂದು ಹೇಳಲಾಗದು. ಕೀನರ್ ನಡುವೆ ನಿಂತು ಆರ್ಸೆನಲ್ಲಿನ ದಾಳಿಗಳನ್ನು ತುಂಡರಿಸುತ್ತಲೇ ಇದ್ದನು. 74ನೆಯ ನಿಮಿಷದಲ್ಲಿ ಸ್ಕಾಟ್ಲೆಂಡಿನ ಹ್ಯೂಯಿ ಫರ್ಗ್ಯುಸನ್ ಗೋಲಿನತ್ತ ಚೆಂಡನ್ನು ಒದ್ದನು. ಆರ್ಸೆನಲ್ ಗೋಲಿ ಡ್ಯಾನ್ ಲೂಯಿಸ್ ಮಂಡಿಯೂರಿ ಅದನ್ನು ಹಿಡಿದೂ ಬಿಟ್ಟನು ಎನ್ನುವಷ್ಟರಲ್ಲಿ ಚೆಂಡು ತೋಳಿನಡಿ ಜಾರಿ, ಮೊಣಕೈ ತಾಗಿ, ಗೆರೆ ದಾಟಿತು. ಆ ಲೂಯಿಸ್ ವೇಲ್ಸಿನ ರೋಂಡಾ ಕಣಿವೆಯ ಗಣಿಹಳ್ಳಿಯ ಮಗ. ಎದುರಾಳಿಯ ಬಾಗಿಲು ಕಾಯುತ್ತಿದ್ದವನು. ಹೊಸ ಜೆರ್ಸಿಯ ನುಣುಪಿನಿಂದ ಚೆಂಡು ಜಾರಿತೆಂದು ದೂರಿದವರುಂಟು. ಅಂಗಿಯನ್ನು ಒಗೆದೇ ಫೈನಲ್ಲಿಗೆ ತೊಡುವ ರೂಢಿ ಆರ್ಸೆನಲ್ಲಿನಲ್ಲಿ ಅಲ್ಲಿಂದ ಹುಟ್ಟಿತಂತೆ. ತವರಿಗೆ ಗೆಲುವು ತಂದ ಅದೇ ಕ್ಷಣ ಆ ಮನುಷ್ಯನ ಹೆಸರಿಗೆ ಜೀವಮಾನದ ಕಲೆಯಾಯಿತು. ಈ ಕಥೆ ಹೇಳುವಾಗ ಆತನನ್ನು ಮರೆಯುವುದು ನ್ಯಾಯವಲ್ಲ.

ದೊರೆ ಐದನೆಯ ಜಾರ್ಜ್ ಅವರಿಂದ ಕೀನರ್ ಟ್ರೋಫಿಯನ್ನು ಪಡೆದನು. ಅದು ಕಾರ್ಡಿಫಿಗೆ ಬಂದಾಗ ಬೀದಿಗಳಲ್ಲಿ ಕಾಲಿಡಲು ಜಾಗವಿರಲಿಲ್ಲ.

ಮುಂದಿನದು ಇಳಿಜಾರು. 1929ರಲ್ಲಿ ತಂಡ ಎರಡನೆಯ ಡಿವಿಷನ್ನಿಗೆ, 1931ರಲ್ಲಿ ಮೂರನೆಯದಕ್ಕೆ ಜಾರಿತು. ಫರ್ಗ್ಯುಸನ್ 1930ರ ಜನವರಿಯಲ್ಲಿಯೇ ತೀರಿಕೊಂಡಿದ್ದನು. ಆದರೆ ಕೀನರನ ಗಟ್ಟಿತನ ಕಂಡದ್ದು ಅದೇ ವರ್ಷದ ಅಕ್ಟೋಬರಿನಲ್ಲಿ. ಸ್ಕಾಟ್ಲೆಂಡ್ ವಿರುದ್ಧದ ಪಂದ್ಯಕ್ಕೆ ವೇಲ್ಸಿನ ಆಟಗಾರರನ್ನು ಬಿಟ್ಟುಕೊಡಲು ಇಂಗ್ಲೆಂಡಿನ ಕ್ಲಬ್ಬುಗಳು ಒಪ್ಪಲಿಲ್ಲ. ತನ್ನ ಮಕ್ಕಳನ್ನೇ ಕರೆಯುವ ಹಕ್ಕಿಲ್ಲದ ನಾಡು, ಕೆಳಗಿನ ಡಿವಿಷನ್ನುಗಳಿಂದಲೂ ಹವ್ಯಾಸಿಗಳಿಂದಲೂ ತಂಡವೊಂದನ್ನು ಹೇಗೋ ಕೂಡಿಸಿತು. ಕೀನರ್ ಮತ್ತು ಹತ್ತು ಅನಾಮಧೇಯರು ಎಂದು ಆ ತಂಡ ಹೆಸರಾಯಿತು. ಗ್ಲ್ಯಾಸ್ಗೋವಿನ ಐಬ್ರಾಕ್ಸ್ ಮೈದಾನದಲ್ಲಿ ಮೂವತ್ತಾರರ ನಾಯಕ ಆ ಹತ್ತು ಜನರನ್ನು ತೊಂಬತ್ತು ನಿಮಿಷ ಕುಸಿಯಲು ಬಿಡಲಿಲ್ಲ. ಪಂದ್ಯ 1-1ರಲ್ಲಿ ಸಮವಾಯಿತು. ನನಗೆ ಇದು ವೆಂಬ್ಲಿಯ ಗೆಲುವಿಗಿಂತ ದೊಡ್ಡದಾಗಿ ಕಾಣುತ್ತದೆ.

ವೇಲ್ಸ್ ಪರವಾಗಿ 32 ಪಂದ್ಯಗಳನ್ನಾಡಿದ ಕೀನರ್ 1931ರಲ್ಲಿ ಕಾರ್ಡಿಫನ್ನು ಬಿಟ್ಟು ಕ್ರೂ ಅಲೆಕ್ಸಾಂಡ್ರಾ ಸೇರಿದನು. ಆಟಗಾರರ ಸಂಬಳಕ್ಕೆ ಮಿತಿಯಿದ್ದ ಕಾಲವದು. ಕೂಡಿಟ್ಟ ಹಣವೇನೂ ಇರಲಿಲ್ಲ. ಸಕ್ಕರೆ ಕಾಯಿಲೆ ಅಂಟಿಕೊಂಡಿತು. ಕೋಳಿ ಸಾಕಣೆ ಮಾಡಿ ನೋಡಿದನು. ಕೊನೆಗೆ ಹುಟ್ಟೂರಿಗೆ ಮರಳಿ ಕಟ್ಟಡ ಕೆಲಸದ ಕೂಲಿಯಾಗಿ ದುಡಿದನು. 1972ರ ಅಕ್ಟೋಬರ್ 19ರಂದು ತೀರಿಕೊಂಡಾಗ ಆತನಿಗೆ 78 ವರ್ಷ. ಟ್ರೋಫಿಯನ್ನು ಎತ್ತಿ ಹಿಡಿದ ಕೀನರನ ಕಂಚಿನ ಪ್ರತಿಮೆ ಕಾರ್ಡಿಫ್ ಸಿಟಿ ಕ್ರೀಡಾಂಗಣದ ಹೊರಗೆ 2012ರಿಂದ ನಿಂತಿದೆ.