ಸ್ಟಾಲಿನ್: ಹೆಸರು ಮತ್ತು ಮನುಷ್ಯ

ಜಾರ್ಜಿಯಾ ದೇಶದ ಗೋರಿ ಎಂಬ ಪಟ್ಟಣದಲ್ಲಿ, ಪಾದರಕ್ಷೆ ಹೊಲಿದು ಜೀವಿಸುತ್ತಿದ್ದವನೊಬ್ಬನ ಮನೆಯಲ್ಲಿ, ೧೮೭೮ನೆಯ ಇಸವಿಯಲ್ಲಿ ಯೋಸಿಫ್ ಜುಗಾಶ್ವಿಲಿ ಜನಿಸಿದನು. ತಂದೆ ಕುಡುಕ, ತಾಯಿ ಪರರ ಮನೆಗಳಲ್ಲಿ ದುಡಿದು ಮಗನನ್ನು ಸಾಕಿದಳು. ಬಾಲ್ಯದಲ್ಲಿಯೇ ಸಿಡುಬು ಅವನ ಮುಖದ ಮೇಲೆ ಕಲೆಗಳನ್ನುಳಿಸಿತು, ಎಡಗೈ ಊನವಾಯಿತು. ಮಗನು ಪಾದ್ರಿಯಾಗಲೆಂದು ತಾಯಿ ಬಯಸಿದಳು. ಅವನಾದರೋ ಕ್ರಾಂತಿಕಾರನಾಗಿ, ಉಕ್ಕು ಎಂಬರ್ಥದ ರಷ್ಯನ್ ಶಬ್ದದಿಂದ ಸ್ಟಾಲಿನ್ ಎಂಬ ಹೆಸರನ್ನು ತಾನೇ ಇಟ್ಟುಕೊಂಡನು.

೧೯೨೨ರಲ್ಲಿ ಪಕ್ಷದ ಪ್ರಧಾನ ಕಾರ್ಯದರ್ಶಿಯಾದ ಸ್ಟಾಲಿನ್, ಲೆನಿನ್ನನ ಮರಣಾನಂತರ ಕ್ರಮೇಣ ಸೋವಿಯತ್ ಒಕ್ಕೂಟದ ಏಕಮಾತ್ರ ಅಧಿಪತಿಯಾದನು. ಆಗ ಹೆಸರಿಗೆ ತಕ್ಕ ಮೂರ್ತಿಯನ್ನು ಕಡೆಯುವ ಕೆಲಸ ನಡೆಯಿತು. ಛಾಯಾಚಿತ್ರಗಳಿಂದ ಸಿಡುಬಿನ ಕಲೆಗಳು ಮಾಯವಾದುವು. ಅವನ ಕೋಪಕ್ಕೆ ಗುರಿಯಾದ ಸಂಗಡಿಗರೂ ಮಾಯವಾದರು. ಹುಟ್ಟಿದ ವರ್ಷವೂ ೧೮೭೯ ಎಂದಾಯಿತು. ತನ್ನ ಅಧಿಕೃತ ಜೀವನಚರಿತ್ರೆಯ ಕರಡಿನಲ್ಲಿ ತನ್ನ ಹೊಗಳಿಕೆಯನ್ನು ಅವನೇ ಬರೆದು ಸೇರಿಸಿದನು.

ಮನೆಯ ಕಥೆ ಬೇರೆಯಾಗಿತ್ತು. ೧೯೩೨ರ ನವೆಂಬರಿನಲ್ಲಿ ಪತ್ನಿ ನಾದೆಜ್ದಾ ಗುಂಡು ಹಾರಿಸಿಕೊಂಡು ಪ್ರಾಣಬಿಟ್ಟಳು. ಈ ಸತ್ಯವನ್ನು ಜನತೆಗೂ ತಿಳಿಸಲಿಲ್ಲ, ಆರು ವರ್ಷದ ಮಗಳು ಸ್ವೆತ್ಲಾನಳಿಗೂ ತಿಳಿಸಲಿಲ್ಲ. ಎಷ್ಟೋ ವರ್ಷಗಳ ತರುವಾಯ ಅವಳು ಅದನ್ನು ಇಂಗ್ಲಿಷ್ ಪತ್ರಿಕೆಯೊಂದರಲ್ಲಿ ಓದಿ ಅರಿತಳು. ೧೯೩೭-೩೮ರಲ್ಲಿ ಆರು ಲಕ್ಷಕ್ಕೂ ಹೆಚ್ಚು ಜನರು ರಾಜ್ಯದ ಗುಂಡಿಗೆ ಬಲಿಯಾದರು. ಹಳೆಯ ಗೆಳೆಯರೂ ಉಳಿಯಲಿಲ್ಲ; ಪತ್ನಿಯ ಬಂಧುಗಳೂ ಸೆರೆಮನೆ ಸೇರಿದರು. ಯುದ್ಧದಲ್ಲಿ ಜರ್ಮನರ ಸೆರೆಯಾದ ಹಿರಿಯ ಮಗ ಯಾಕೊವ್ ೧೯೪೩ರಲ್ಲಿ ಶಿಬಿರದಲ್ಲಿಯೇ ಮಡಿದನು.

ಕೊನೆಯ ವರ್ಷಗಳಲ್ಲಿ ಸ್ಟಾಲಿನ್ ಮಾಸ್ಕೋ ಬಳಿಯ ಕುಂತ್ಸೆವೊದ ಮನೆಯಲ್ಲಿ ವಾಸಿಸುತ್ತಿದ್ದನು. ಒಬ್ಬನೇ ಇರಲಾರದೆ ಮಂತ್ರಿಗಳನ್ನು ಬೆಳಗಿನ ಜಾವದವರೆಗೆ ಊಟಕ್ಕೆ ಕೂರಿಸಿಕೊಳ್ಳುತ್ತಿದ್ದನು. ಅವರು ಭಯದಿಂದ ನಗುತ್ತಿದ್ದರು. ಮೊಮ್ಮಕ್ಕಳಲ್ಲಿ ಹಲವರ ಮುಖವನ್ನೇ ಅವನು ನೋಡಿರಲಿಲ್ಲ. ಆದರೆ ಗೋಡೆಯ ಮೇಲೆ ಪತ್ರಿಕೆಗಳಿಂದ ತೆಗೆದ, ಯಾರದೋ ಮಕ್ಕಳ ಚಿತ್ರಗಳಿದ್ದುವು.

೧೯೫೩ರ ಮಾರ್ಚ್ ೧ರಂದು ಹಗಲೆಲ್ಲ ಅವನ ಕೋಣೆಯ ಬಾಗಿಲು ತೆರೆಯಲಿಲ್ಲ. ಕರೆಯದೆ ಒಳಹೋಗಲು ಕಾವಲುಗಾರರಿಗೆ ಧೈರ್ಯವಿರಲಿಲ್ಲ. ರಾತ್ರಿ ಒಬ್ಬನು ಒಳಹೊಕ್ಕಾಗ, ಪಾರ್ಶ್ವವಾಯು ಬಡಿದ ಒಡೆಯನು ಮಾತಿಲ್ಲದೆ ನೆಲದ ಮೇಲೆ ಬಿದ್ದಿದ್ದನು. ವೈದ್ಯರು ಬಂದುದು ಮರುದಿನ ಬೆಳಿಗ್ಗೆ. ಅವನನ್ನು ಬಹುಕಾಲ ನೋಡಿಕೊಂಡಿದ್ದ ವೈದ್ಯನು ಅವನದೇ ಆಜ್ಞೆಯಿಂದ ಸೆರೆಯಲ್ಲಿದ್ದನು. ಮಾರ್ಚ್ ೫ರಂದು ಸ್ಟಾಲಿನ್ ಕೊನೆಯುಸಿರೆಳೆದನು.

ಯಾರೂ ತನ್ನ ಹತ್ತಿರ ಸುಳಿಯಬಾರದೆಂದು ಅವನು ಬೆಳೆಸಿದ ಭಯವು, ಅವನಿಗೆ ನೆರವು ಬೇಕಾದ ದಿನವೂ ಬಾಗಿಲು ಕಾಯುತ್ತಿತ್ತು.