ಸುಣ್ಣದ ಬೆಳಕಿನ ಜೋಸೆಫ್ ಪೆರ್ರಿ

ಫಾಲ್ಕೆಯವರ ರಾಜಾ ಹರಿಶ್ಚಂದ್ರ ತೆರೆಗೆ ಬಂದದ್ದು 1913ರಲ್ಲಿ. ಸತ್ಯಕ್ಕಾಗಿ ಎಲ್ಲವನ್ನೂ ಕಳೆದುಕೊಂಡ ರಾಜನ ಆ ಮೂಕಿಚಿತ್ರಕ್ಕೆ 13 ವರ್ಷ ಮೊದಲೇ, ನಾವೀಗ ನೆಲೆಸಿರುವ ಈ ನಾಡಿನಲ್ಲಿ, ನಂಬಿಕೆಗಾಗಿ ಪ್ರಾಣ ಕೊಟ್ಟವರ ಕಥೆಗಳು ತೆರೆಯ ಮೇಲೆ ಮೂಡಿದ್ದವು. ಅವುಗಳನ್ನು ಚಿತ್ರೀಕರಿಸಿದವರು ಜೋಸೆಫ್ ಪೆರ್ರಿ.

1863ರಲ್ಲಿ ಇಂಗ್ಲೆಂಡಿನಲ್ಲಿ ಹುಟ್ಟಿದ ಪೆರ್ರಿ ಸಾಲ್ವೇಶನ್ ಆರ್ಮಿಯ ಅಧಿಕಾರಿ. ಬ್ಯಾಲರಟ್ಟಿನಲ್ಲಿ, ಜೈಲಿನಿಂದ ಬಿಡುಗಡೆಯಾದವರ ಆಶ್ರಯಧಾಮವನ್ನು ನೋಡಿಕೊಳ್ಳುತ್ತಿದ್ದರು. ಫೋಟೋ ತೆಗೆಯುವುದರಲ್ಲಿ ಪಳಗಿದ್ದ ಅವರಿಗೆ 1891ರಲ್ಲಿ ಮೆಲ್ಬರ್ನಿನಿಂದ ಕರೆ ಬಂತು. ಮರುವರ್ಷ ಲೈಮ್‌ಲೈಟ್ ವಿಭಾಗ ಆರಂಭವಾಯಿತು. ಅನಿಲದ ಜ್ವಾಲೆಯಲ್ಲಿ ಸುಣ್ಣದ ತುಂಡು ಕಾದಾಗ ಹೊಮ್ಮುವ ಪ್ರಖರ ಬೆಳಕೇ ಲೈಮ್‌ಲೈಟ್. ಆ ಬೆಳಕಿನಲ್ಲಿ ಮೊದಲು ಗಾಜಿನ ಸ್ಲೈಡುಗಳು, 1897ರಿಂದ ಚಲನಚಿತ್ರಗಳು.

1900ರಲ್ಲಿ ಆರ್ಮಿಯ ಮುಖ್ಯಸ್ಥ ಹರ್ಬರ್ಟ್ ಬೂತ್ ಅವರೊಡನೆ ಸೇರಿ ಪೆರ್ರಿ ಸಿದ್ಧಪಡಿಸಿದ್ದು ಸೋಲ್ಜರ್ಸ್ ಆಫ್ ದಿ ಕ್ರಾಸ್. ಮರಂಬೀನದ ಹೆಣ್ಣುಮಕ್ಕಳ ಆಶ್ರಮದ ಟೆನಿಸ್ ಅಂಗಳವೇ ಸ್ಟುಡಿಯೋ. ಬಣ್ಣ ಬಳಿದ ಬಟ್ಟೆಯ ಪರದೆಯೇ ರೋಮ್ ನಗರ. ನಟರು ಆರ್ಮಿಯ ಕಾರ್ಯಕರ್ತರೇ. ಒಂದೂವರೆ ನಿಮಿಷದಷ್ಟು ಪುಟ್ಟ ಚಿತ್ರಗಳು, ನಡುನಡುವೆ ಸುಮಾರು 200 ಸ್ಲೈಡುಗಳು, ಬೂತ್ ಅವರ ವ್ಯಾಖ್ಯಾನ, ಸಂಗೀತ: ನಮ್ಮ ಹರಿಕಥೆಗೆ ಚಿತ್ರ ಸೇರಿಸಿದಂತೆ. ನಂಬಿಕೆ ಬಿಟ್ಟರೆ ಬದುಕು, ಬಿಡದಿದ್ದರೆ ಸಾವು; ಪ್ರತಿ ಕಥೆಯ ಇಕ್ಕಟ್ಟೂ ಇದೇ. ಸೆಪ್ಟೆಂಬರ್ 13ರಂದು ಮೆಲ್ಬರ್ನ್ ಟೌನ್ ಹಾಲ್ ಕಿಕ್ಕಿರಿದಿತ್ತು. ಮನರಂಜನೆಗಿಂತ, ಯುವಜನರನ್ನು ಸೇವೆಗೆ ಸೆಳೆಯುವುದೇ ಉದ್ದೇಶವಾಗಿತ್ತು.

1901ರ ಜನವರಿ 1ರಂದು ನಮ್ಮ ಸಿಡ್ನಿಯ ಸೆಂಟೆನಿಯಲ್ ಪಾರ್ಕಿನಲ್ಲಿ ಆಸ್ಟ್ರೇಲಿಯ ಒಕ್ಕೂಟ ಉದಯಿಸಿದ ಸಮಾರಂಭವನ್ನು ಚಿತ್ರೀಕರಿಸಿದ್ದೂ ಪೆರ್ರಿಯವರ ತಂಡವೇ.

1902ರಲ್ಲಿ ಬೂತ್ ಆರ್ಮಿಯನ್ನು ತೊರೆದರು. ಚಿತ್ರಗಳೂ ಅವರೊಡನೆ ಹೋದವು. ಪೆರ್ರಿ ಧೃತಿಗೆಡದೆ 1909ರಲ್ಲಿ ಹೀರೋಸ್ ಆಫ್ ದಿ ಕ್ರಾಸ್ ತೆಗೆದರು. ಆದರೆ ಸಿನಿಮಾದಿಂದ ಶಿಸ್ತು ಸಡಿಲವಾಗುತ್ತದೆಂದು ಬಗೆದ ಹೊಸ ಮುಖ್ಯಸ್ಥರು 1910ರಲ್ಲಿ ವಿಭಾಗವನ್ನೇ ಮುಚ್ಚಿದರು. ನೀತಿ ಸಾರಲು ಹೊತ್ತಿಸಿದ ದೀಪವನ್ನು ನೀತಿಯ ಹೆಸರಿನಲ್ಲೇ ಆರಿಸಿದಂತಾಯಿತು. 18 ವರ್ಷ ಕಟ್ಟಿದ ಕೆಲಸ ಕೈತಪ್ಪಿದ ಪೆರ್ರಿ ವಾಣಿಜ್ಯ ಸಿನಿಮಾದತ್ತ ಹೊರಳಿದರು, 1943ರಲ್ಲಿ ತೀರಿಕೊಂಡರು.

ಟೆನಿಸ್ ಅಂಗಳದ ಆ ಚಿತ್ರಗಳ ಒಂದು ಪ್ರತಿಯೂ ಉಳಿದಿಲ್ಲ. ಉಳಿದಿರುವುದು ಗಾಜಿನ ಸ್ಲೈಡುಗಳು. ಬಾಡಿಗೆಯ ಸಭಾಂಗಣದಲ್ಲಿ, ಸೀರೆಯನ್ನೇ ಪರದೆ ಮಾಡಿ, ನಮ್ಮ ಸಂಘದವರು ಆಡಿದ ನಾಟಕಗಳ ವಿಡಿಯೋ ಕ್ಯಾಸೆಟ್ಟುಗಳು ಯಾರ ಮನೆಯ ಗ್ಯಾರೇಜಿನಲ್ಲಿವೆಯೋ! ಈ ವಾರ್ಷಿಕೋತ್ಸವದ ನೆನಪಿಗಾದರೂ ಅವುಗಳನ್ನು ಹುಡುಕಿ ತೆಗೆಯೋಣ.